ಗೃಹಸಾಲ: ಕಂತು ಕಿರಿದು, ಕಾಲ ಹಿರಿದು

ಮನೆ ಕಟ್ಟಿ ನೋಡು, ಮದುವೆ ಮಾಡಿ ನೋಡು ಎಂಬುದು ನಮ್ಮ ಹಿರಿಯರ ಅನುಭವದಿಂದ ಮೂಡಿದ ಮಾತು. ಈ ಎರಡು ಕಾರ್ಯಗಳು ಮನುಷ್ಯನ ತಾಳ್ಮೆಯನ್ನೂ ಅವನ ಗಂಟನ್ನೂ ಒಟ್ಟಿಗೇ ಒರೆಗೆ ಹಚ್ಚುತ್ತವೆ ಎಂಬುದು ಅದರ ಇಂಗಿತ. ಅಂದಿನ ಗೃಹಸ್ಥನು ಮೊದಲು ಹಣ ಕೂಡಿಸುತ್ತಿದ್ದನು. ಕೂಡಿದಷ್ಟಕ್ಕೆ ಗೋಡೆ ಎಬ್ಬಿಸುತ್ತಿದ್ದನು. ಮುಂದಿನ ಸುಗ್ಗಿಯ ಹುಟ್ಟುವಳಿ ಕೈಸೇರಿದ ಮೇಲೆ ಮಾಳಿಗೆ ಹಾಕಿಸುತ್ತಿದ್ದನು. ಇಂದು ಆ ಕ್ರಮ ತಿರುಗಿದೆ. ಮನೆ ಮೊದಲು, ಹಣ ಆಮೇಲೆ. ೧೯೭೭ರಲ್ಲಿ ಎಚ್.ಡಿ.ಎಫ್.ಸಿ. ಸ್ಥಾಪನೆಗೊಂಡು, ೧೯೮೮ರಲ್ಲಿ ನ್ಯಾಷನಲ್ ಹೌಸಿಂಗ್ ಬ್ಯಾಂಕು ಅಸ್ತಿತ್ವಕ್ಕೆ ಬಂದ ತರುವಾಯ ಸಂಬಳದಾರರಿಗೆ ಗೃಹಸಾಲವು ವರ್ಷದಿಂದ ವರ್ಷಕ್ಕೆ ಸುಲಭವಾಗುತ್ತ ಬಂದಿದೆ. ಇದರಿಂದ ಲಕ್ಷಾಂತರ ಕುಟುಂಬಗಳು ಸ್ವಂತ ಸೂರಿನ ಕೆಳಗೆ ನೆಮ್ಮದಿ ಕಂಡಿವೆ ಎಂಬುದರಲ್ಲಿ ಎರಡು ಮಾತಿಲ್ಲ.

ಆದರೆ ಸಾಲ ಪಡೆಯಲು ಹೊರಟ ಗೃಹಸ್ಥನು ಸಾಮಾನ್ಯವಾಗಿ ಕೇಳುವ ಪ್ರಶ್ನೆ ಒಂದೇ: “ತಿಂಗಳಿಗೆ ಕಂತು ಎಷ್ಟು ಬರುತ್ತದೆ?” ಆ ಮೊತ್ತ ತನ್ನ ಸಂಬಳದಲ್ಲಿ ಹೊಂದಿಕೊಂಡರೆ ಸಾಲವೂ ತನ್ನ ಅಳವಿನಲ್ಲಿದೆಯೆಂದು ಭಾವಿಸಿ ಅವನು ಸಹಿ ಹಾಕುತ್ತಾನೆ. ಎಷ್ಟು ವರ್ಷ, ಒಟ್ಟು ಎಷ್ಟು, ಆ ಹಣದಲ್ಲಿ ಅಸಲಿಗೆ ಎಷ್ಟು, ಬಡ್ಡಿಗೆ ಎಷ್ಟು ಎಂಬ ಪ್ರಶ್ನೆಗಳು ಮನಸ್ಸಿಗೇ ಬರುವುದಿಲ್ಲ. ಸಾಲದ ನಿಜವಾದ ಬೆಲೆ ಕಂತಿನಲ್ಲಿ ಕಾಣುವುದಿಲ್ಲ. ಅದು ಕಾಲದಲ್ಲಿ ಅಡಗಿದೆ. ಇದನ್ನು ಓದುಗ ಬಂಧುಗಳ ಮುಂದೆ ಲೆಕ್ಕಸಹಿತ ವಿವರಿಸುವುದು ಈ ತಿಂಗಳ ಲೇಖನದ ಉದ್ದೇಶ.

ಬಡ್ಡಿಯ ಮಾತು

‘ಬಡ್ಡಿ’ ಎಂಬ ನಮ್ಮ ಶಬ್ದ ಸಂಸ್ಕೃತದ ‘ವೃದ್ಧಿ’ಯ ತದ್ಭವ. ಬೆಳೆಯುವುದೇ ಅದರ ಸ್ವಭಾವ. ಪ್ರಾಚೀನ ಧರ್ಮಶಾಸ್ತ್ರಕಾರರ ಎಲ್ಲ ಮಾತುಗಳನ್ನೂ ನಾವು ಒಪ್ಪಬೇಕಾಗಿಲ್ಲವಾದರೂ, ಋಣದ ವಿಷಯದಲ್ಲಿ ಅವರು ಮಾಡಿದ ವಿವೇಚನೆ ಗಮನಾರ್ಹವಾದುದು. ಕಾಲವೃದ್ಧಿ, ಚಕ್ರವೃದ್ಧಿ, ಕಾರಿತ, ಕಾಯಿಕ ಎಂದು ಬಡ್ಡಿಯ ಬಗೆಗಳನ್ನು ಮನುಸ್ಮೃತಿಯ ಎಂಟನೆಯ ಅಧ್ಯಾಯವೇ ಹೆಸರಿಸುತ್ತದೆ. ಒಮ್ಮೆಗೇ ವಸೂಲು ಮಾಡುವಾಗ ಬಡ್ಡಿಯು ಅಸಲನ್ನು ಮೀರಬಾರದು, ಎಂದರೆ ಒಟ್ಟು ಮೊತ್ತ ಇಮ್ಮಡಿಗಿಂತ ಹೆಚ್ಚಾಗಬಾರದು ಎಂಬ ಮಿತಿಯೂ ಅಲ್ಲಿಯೇ ಇದೆ. ‘ದಾಮದುಪ್ಪಟ್’ ಎಂಬ ಹೆಸರಿನಿಂದ ಪ್ರಸಿದ್ಧವಾದ ಈ ನಿಯಮವನ್ನು ಬ್ರಿಟಿಷರ ಆಳ್ವಿಕೆಯಲ್ಲಿ ಮುಂಬಯಿ ಪ್ರಾಂತದ ನ್ಯಾಯಾಲಯಗಳು ಹಿಂದೂ ಸಾಲಗಾರರ ವಿಷಯದಲ್ಲಿ ಮನ್ನಿಸುತ್ತಿದ್ದವು. ಧಾರವಾಡ, ಬೆಳಗಾವಿ, ವಿಜಯಪುರಗಳು ಆಗ ಆ ಪ್ರಾಂತಕ್ಕೇ ಸೇರಿದ್ದವು.

ಆದರೆ ಈ ನಿಯಮ ಒಮ್ಮೆಗೇ ಕೇಳುವ ಬಾಕಿ ಬಡ್ಡಿಗೆ ಸಂಬಂಧಿಸಿದ್ದು. ಆಗಾಗ ಸಲ್ಲಿಸುತ್ತ ಬಂದ ಬಡ್ಡಿಯ ಒಟ್ಟು ಮೊತ್ತಕ್ಕೆ ಅದು ಅಡ್ಡಬರುತ್ತಿರಲಿಲ್ಲ. ಆದುದರಿಂದ ಇಂದಿನ ಮಾಸಿಕ ಕಂತಿನ ಸಾಲಕ್ಕೆ ಅದನ್ನು ಕಾನೂನಾಗಿ ಎತ್ತಿ ಹಿಡಿಯಲು ಬಾರದು. ಅಳತೆಗೋಲಾಗಿ ಮಾತ್ರ ಇಟ್ಟುಕೊಳ್ಳಬಹುದು. ತಾನು ತಂದ ಹಣಕ್ಕೆ ಇಮ್ಮಡಿ ಕಟ್ಟುವ ಹಂತಕ್ಕೆ ತಾನು ತಲುಪುತ್ತೇನೆಯೇ ಎಂದು ಪ್ರತಿಯೊಬ್ಬ ಸಾಲಗಾರನೂ ಕೇಳಿಕೊಳ್ಳುವುದು ಒಳಿತು.

ಒಂದು ಲೆಕ್ಕ

ದಾವಣಗೆರೆಯಲ್ಲಿ ೪೦ ವಯಸ್ಸಿನ ಶಿಕ್ಷಕರೊಬ್ಬರು ಮನೆಗಾಗಿ ೩೦ ಲಕ್ಷ ರೂಪಾಯಿ ಸಾಲ ಪಡೆದರೆಂದು ಭಾವಿಸೋಣ. ಅವಧಿ ೨೦ ವರ್ಷ, ಬಡ್ಡಿ ವರ್ಷಕ್ಕೆ ಶೇಕಡಾ ೮.೫. ಪ್ರತಿ ತಿಂಗಳೂ ಒಂದೇ ಮೊತ್ತ ಕಟ್ಟುವ ಈ ಪದ್ಧತಿಗೆ ಸಮಾನ ಮಾಸಿಕ ಕಂತು, ರೂಢಿಯ ಮಾತಿನಲ್ಲಿ ಇಎಂಐ, ಎಂದು ಹೆಸರು. ಈ ಸಾಲಕ್ಕೆ ಕಂತು ೨೬,೦೩೫ ರೂಪಾಯಿ. ೨೪೦ ಕಂತುಗಳ ಒಟ್ಟು ಮೊತ್ತ ಸುಮಾರು ೬೨ ಲಕ್ಷ ೪೮ ಸಾವಿರ. ತಂದದ್ದು ೩೦ ಲಕ್ಷ, ಬಡ್ಡಿಯೇ ೩೨ ಲಕ್ಷ ೪೮ ಸಾವಿರ. ಇಮ್ಮಡಿಯ ಗೆರೆಯನ್ನು ಈ ಸಾಲ ಆಗಲೇ ದಾಟಿತು.

ಇನ್ನು ಆ ಹಣ ಯಾವ ಕ್ರಮದಲ್ಲಿ ಸಲ್ಲುತ್ತದೆಂಬುದನ್ನು ನೋಡಬೇಕು. ಮೊದಲ ತಿಂಗಳು ೩೦ ಲಕ್ಷದ ಮೇಲಿನ ಬಡ್ಡಿ ೨೧,೨೫೦ ರೂಪಾಯಿ. ಕಂತಿನಲ್ಲಿ ಅದನ್ನು ಕಳೆದರೆ ಅಸಲಿಗೆ ಸೇರುವುದು ೪,೭೮೫ ಮಾತ್ರ. ಮೊದಲ ವರ್ಷ ಪೂರ್ತಿ ೩ ಲಕ್ಷ ೧೨ ಸಾವಿರ ಕಟ್ಟಿದರೂ ಅಸಲಿನಲ್ಲಿ ಇಳಿಯುವುದು ೬೦ ಸಾವಿರಕ್ಕೂ ಕಡಮೆ. ಐದು ವರ್ಷಗಳಲ್ಲಿ ಕಟ್ಟಿದ್ದು ೧೫ ಲಕ್ಷ ೬೨ ಸಾವಿರ. ತೀರಿದ ಅಸಲು ೩ ಲಕ್ಷ ೫೬ ಸಾವಿರ. ಹತ್ತು ವರ್ಷ ಕಳೆದಾಗ ಅವರು ಕಟ್ಟಿದ ಮೊತ್ತ ೩೧ ಲಕ್ಷ ದಾಟಿರುತ್ತದೆ. ತಂದ ಹಣಕ್ಕಿಂತ ಹೆಚ್ಚೇ ಆಯಿತು. ಆದರೂ ಬ್ಯಾಂಕಿನ ಪುಸ್ತಕದಲ್ಲಿ ಇನ್ನೂ ಸುಮಾರು ೨೧ ಲಕ್ಷ ಬಾಕಿ. ಅಸಲು ಅರ್ಧಕ್ಕೆ ಇಳಿಯಬೇಕಾದರೆ ೧೩ ವರ್ಷ ೧೦ ತಿಂಗಳು ಕಾಯಬೇಕು. ಕಟ್ಟಕಡೆಯ ಕಂತಿನಲ್ಲಾದರೋ ಬಡ್ಡಿ ೧೮೩ ರೂಪಾಯಿ ಮಾತ್ರ; ಉಳಿದುದೆಲ್ಲ ಅಸಲು.

ಇದನ್ನು ಕಂಡು ಬ್ಯಾಂಕು ಮೋಸ ಮಾಡಿತೆಂದು ಕೂಗುವುದು ಸರಿಯಲ್ಲ. ಉಳಿದ ಅಸಲಿನ ಮೇಲಷ್ಟೇ ಆ ತಿಂಗಳ ಬಡ್ಡಿ ಬೀಳುತ್ತದೆ. ಮೊದಲಲ್ಲಿ ಅಸಲು ದೊಡ್ಡದಾಗಿರುವುದರಿಂದ ಬಡ್ಡಿಯೂ ದೊಡ್ಡದು. ಇದು ಗಣಿತದ ನಿಯಮ. ಮೋಸವಿಲ್ಲದಿದ್ದರೂ ಅಜ್ಞಾನಕ್ಕೆ ಇಲ್ಲಿ ದಂಡವುಂಟು ಎಂಬುದನ್ನು ಮಾತ್ರ ಮರೆಯಬಾರದು. ಏಳೆಂಟು ವರ್ಷ ತಪ್ಪದೆ ಕಂತು ಕಟ್ಟಿದವರು ಬಾಕಿಯ ಪತ್ರ ಕೈಗೆ ಬಂದಾಗ ದಿಗ್ಭ್ರಮೆಗೊಳ್ಳುವುದು ಈ ಕಾರಣದಿಂದಲೇ.

ಅವಧಿಯ ಮಾಯೆ

ಅದೇ ೩೦ ಲಕ್ಷವನ್ನು ಅದೇ ದರದಲ್ಲಿ ೩೦ ವರ್ಷಕ್ಕೆ ತೆಗೆದುಕೊಂಡರೆ ಕಂತು ೨೩,೦೬೭ ರೂಪಾಯಿಗೆ ಇಳಿಯುತ್ತದೆ. ತಿಂಗಳಿಗೆ ಮೂರು ಸಾವಿರದಷ್ಟು ಹಗುರವಾಯಿತೆಂದು ಮನಸ್ಸು ಹಿಗ್ಗುತ್ತದೆ. ಆದರೆ ಒಟ್ಟು ಕಟ್ಟುವುದು ಸುಮಾರು ೮೩ ಲಕ್ಷ ರೂಪಾಯಿ; ಬಡ್ಡಿಯೇ ೫೩ ಲಕ್ಷ. ತಿಂಗಳಿಗೆ ಮೂರು ಸಾವಿರದ ಹಗುರಕ್ಕೆ ತೆತ್ತ ಬೆಲೆ ೨೦ ಲಕ್ಷಕ್ಕೂ ಮಿಗಿಲು. ಪ್ರತಿಯಾಗಿ ೧೫ ವರ್ಷದ ಅವಧಿಯನ್ನು ಆರಿಸಿಕೊಂಡರೆ ಕಂತು ೨೯,೫೪೨. ೨೦ ವರ್ಷದ ಕಂತಿಗಿಂತ ಸುಮಾರು ಮೂರೂವರೆ ಸಾವಿರ ಹೆಚ್ಚು. ಬಡ್ಡಿ ಮಾತ್ರ ೨೩ ಲಕ್ಷ ೧೭ ಸಾವಿರಕ್ಕೆ ನಿಂತು, ೯ ಲಕ್ಷ ೩೦ ಸಾವಿರ ಮನೆಯಲ್ಲಿಯೇ ಉಳಿಯುತ್ತದೆ.

ವಯಸ್ಸಿನ ವಿಚಾರವನ್ನೂ ಇದಕ್ಕೆ ಸೇರಿಸಿ ನೋಡಬೇಕು. ನಮ್ಮ ರಾಜ್ಯದ ಸರ್ಕಾರಿ ನೌಕರರಿಗೆ ನಿವೃತ್ತಿಯ ವಯಸ್ಸು ೬೦. ೪೦ರಲ್ಲಿ ೨೦ ವರ್ಷಕ್ಕೆ ಸಾಲ ಮಾಡಿದ ಶಿಕ್ಷಕರಿಗೆ ಕೊನೆಯ ಸಂಬಳದೊಡನೆ ಕೊನೆಯ ಕಂತು ಮುಗಿಯುತ್ತದೆ. ಅವಧಿ ಐದು ವರ್ಷ ಹಿಗ್ಗಿತೆಂದರೆ ಪಿಂಚಣಿಯಿಂದ ಕಟ್ಟಬೇಕು, ಇಲ್ಲವೆ ಮಕ್ಕಳ ಹೆಗಲಿಗೆ ಹೊರಿಸಬೇಕು. ಮಗನ ಓದು, ಮಗಳ ಮದುವೆ, ವೃದ್ಧ ತಂದೆತಾಯಿಗಳ ಔಷಧೋಪಚಾರ ಇವೆಲ್ಲ ಒದಗಿ ಬರುವುದು ಆ ವಯಸ್ಸಿನಲ್ಲಿಯೇ ಎಂಬುದು ಗೃಹಸ್ಥರಿಗೆ ಹೇಳಿಕೊಡಬೇಕಾದ ಮಾತಲ್ಲ.

ದರ ಏರಿದಾಗ

ನಮ್ಮಲ್ಲಿ ಗೃಹಸಾಲದ ಬಡ್ಡಿದರ ಸಾಮಾನ್ಯವಾಗಿ ಸ್ಥಿರವಾದುದಲ್ಲ, ಚರವಾದುದು. ೨೦೧೯ರ ಅಕ್ಟೋಬರ್ ೧ರಿಂದ ಬ್ಯಾಂಕುಗಳು ಕೊಡುವ ಹೊಸ ಚರದರದ ಗೃಹಸಾಲಗಳನ್ನು ರಿಸರ್ವ್ ಬ್ಯಾಂಕಿನ ರೆಪೊ ದರದಂತಹ ಹೊರಗಿನ ಮಾನದಂಡಕ್ಕೆ ಜೋಡಿಸಲಾಗಿದೆ. ಆ ದರ ೨೦೨೨ರ ಮೇ ತಿಂಗಳಿನ ಆರಂಭದಲ್ಲಿ ಶೇಕಡಾ ೪ ಇದ್ದುದು ೨೦೨೩ರ ಫೆಬ್ರವರಿಯ ಹೊತ್ತಿಗೆ ೬.೫ ಆಯಿತು. ಹತ್ತು ತಿಂಗಳೊಳಗೆ ಎರಡೂವರೆಯ ಏರಿಕೆ!

ಇದರ ಪರಿಣಾಮ ಎಂತಹುದೆಂಬುದನ್ನು ಲೆಕ್ಕವೇ ಹೇಳಲಿ. ಶೇಕಡಾ ೭ರ ದರದಲ್ಲಿ ೨೦ ವರ್ಷಕ್ಕೆ ೩೦ ಲಕ್ಷ ತೆಗೆದುಕೊಂಡವರ ಕಂತು ೨೩,೨೫೯ ರೂಪಾಯಿ. ಒಂದು ವರ್ಷ ಕಟ್ಟಿದ ಮೇಲೆ ಉಳಿದ ಅಸಲು ಸುಮಾರು ೨೯ ಲಕ್ಷ ೨೮ ಸಾವಿರದ ೬೦೦. ಲೆಕ್ಕದ ಅನುಕೂಲಕ್ಕಾಗಿ ಎರಡೂವರೆಯ ಏರಿಕೆ ಒಮ್ಮೆಗೇ ಬಂದು ದರ ೯.೫ ಆಯಿತೆಂದುಕೊಂಡರೆ, ಆ ಅಸಲಿನ ಮೇಲಿನ ಒಂದು ತಿಂಗಳ ಬಡ್ಡಿಯೇ ೨೩,೧೮೫ ರೂಪಾಯಿ. ಕಂತನ್ನು ಏರಿಸದೆ ಹಾಗೆಯೇ ಬಿಟ್ಟರೆ ಅಸಲಿಗೆ ಸೇರುವುದು ತಿಂಗಳಿಗೆ ೭೪ ರೂಪಾಯಿ! ಆ ಗತಿಯಲ್ಲಿ ಸಾಲ ತೀರಲು ಇನ್ನೂ ೬೦ ವರ್ಷ ಬೇಕು. ಉಳಿದ ೧೯ ವರ್ಷಗಳಲ್ಲಿಯೇ ತೀರಿಸಬೇಕೆಂದರೆ ಕಂತನ್ನು ೨೭,೭೮೮ ರೂಪಾಯಿಗೆ ಏರಿಸಬೇಕು. ಅಂದರೆ ಮನೆಯ ಖರ್ಚಿನಲ್ಲಿ ತಿಂಗಳಿಗೆ ನಾಲ್ಕೂವರೆ ಸಾವಿರ ಕಡಿತ.

ಕಂತು ಬದಲಾಗದಿರುವುದನ್ನು ಕಂಡು ದರದ ಏರಿಕೆ ತಮಗೆ ತಟ್ಟಲಿಲ್ಲವೆಂದು ನೆಮ್ಮದಿಯಿಂದಿದ್ದ ಅನೇಕರ ಸಾಲದ ಅವಧಿ ಆ ದಿನಗಳಲ್ಲಿ ಸದ್ದಿಲ್ಲದೆ ಹಿಗ್ಗಿತು. ಈ ಕಾರಣದಿಂದ ರಿಸರ್ವ್ ಬ್ಯಾಂಕು ೨೦೨೩ರ ಆಗಸ್ಟ್‌ನಲ್ಲಿ ಒಂದು ಆದೇಶ ಹೊರಡಿಸಿತು. ದರ ಬದಲಾದಾಗ ಅದರಿಂದ ಕಂತಿಗೆ ಅಥವಾ ಅವಧಿಗೆ ಆಗುವ ಪರಿಣಾಮವನ್ನು ಸಾಲಗಾರನಿಗೆ ತಿಳಿಸಬೇಕು. ಕಂತು ಏರಿಸುವುದೋ, ಅವಧಿ ಹಿಗ್ಗಿಸುವುದೋ, ಎರಡನ್ನೂ ಕೂಡಿಸುವುದೋ ಎಂಬ ಆಯ್ಕೆಯನ್ನು ಅವನಿಗೆ ಕೊಡಬೇಕು. ಅವಧಿ ಹಿಗ್ಗಿಸಿದರೂ ಕಂತು ಬಡ್ಡಿಗೇ ಸಾಲದಂತಾಗಿ ಅಸಲು ಬೆಳೆಯುವ ಸ್ಥಿತಿ ಬರಬಾರದು. ಇದುವರೆಗೆ ಸಂದ ಅಸಲು ಮತ್ತು ಬಡ್ಡಿ, ಉಳಿದ ಕಂತುಗಳ ಸಂಖ್ಯೆ ಇವುಗಳ ವಿವರವನ್ನು ಮೂರು ತಿಂಗಳಿಗೊಮ್ಮೆ ಒದಗಿಸಬೇಕು ಎಂಬುವು ಅದರ ಮುಖ್ಯಾಂಶಗಳು. ಈ ಹಕ್ಕುಗಳು ಇದ್ದೂ ಕೇಳದಿದ್ದರೆ ಇಲ್ಲದಂತೆಯೇ ಸರಿ.

೨೦೨೫ರಲ್ಲಿ ರೆಪೊ ದರ ಮತ್ತೆ ಇಳಿಯಿತು. ದರ ಇಳಿದಾಗ ಕಂತನ್ನು ಇಳಿಸಿಕೊಳ್ಳುವ ಆಸೆ ಸಹಜ. ಆದರೆ ಹಳೆಯ ಕಂತನ್ನೇ ಮುಂದುವರಿಸಿ ಅವಧಿಯನ್ನು ಕುಗ್ಗಿಸಿಕೊಳ್ಳುವುದು ಹೆಚ್ಚು ಲಾಭಕರ. ಅಭ್ಯಾಸವಾದ ಹೊರೆ ಹೊಸದಾಗಿ ಭಾರವೆನಿಸದು.

ಕಂತಿನ ಹೊರಗಿನ ವೆಚ್ಚ

ಮನೆಯ ಬೆಲೆಯಷ್ಟೂ ಸಾಲವಾಗಿ ದೊರೆಯುವುದಿಲ್ಲ. ರಿಸರ್ವ್ ಬ್ಯಾಂಕಿನ ನಿಯಮದಂತೆ ೩೦ ಲಕ್ಷದವರೆಗಿನ ಸಾಲಕ್ಕೆ ಆಸ್ತಿಯ ಬೆಲೆಯ ಶೇಕಡಾ ೯೦, ೩೦ರಿಂದ ೭೫ ಲಕ್ಷದವರೆಗೆ ೮೦, ಅದಕ್ಕೂ ಮೀರಿದರೆ ೭೫ ಎಂಬುದು ಗರಿಷ್ಠ ಮಿತಿ. ಮುದ್ರಾಂಕ ಶುಲ್ಕ, ನೋಂದಣಿ ಶುಲ್ಕಗಳು ಸಾಮಾನ್ಯವಾಗಿ ಈ ಬೆಲೆಯ ಲೆಕ್ಕಕ್ಕೆ ಸೇರುವುದಿಲ್ಲ. ಅವು ಕೈಯಿಂದಲೇ ಹೋಗಬೇಕು. ಕರ್ನಾಟಕದಲ್ಲಿ ನೋಂದಣಿ ಶುಲ್ಕವೇ ೨೦೨೫ರ ಆಗಸ್ಟ್ ೩೧ರಿಂದ ಶೇಕಡಾ ೧ರಿಂದ ೨ಕ್ಕೆ ಏರಿದೆ. ಈ ಕೈಗಂಟಿಗಾಗಿ ಹೆಣ್ಣುಮಕ್ಕಳ ಬಂಗಾರ ಒತ್ತೆಗೆ ಹೋದರೆ, ಊರಿನ ಹೊಲದ ಒಂದು ತುಂಡು ಕೈಬಿಟ್ಟರೆ, ಅದೂ ಈ ಮನೆಯ ಬೆಲೆಯೇ ಎಂದು ಬರೆದಿಡಬೇಕು.

ಇನ್ನು ಪರಿಶೀಲನಾ ಶುಲ್ಕ, ವಕೀಲರ ಮತ್ತು ಮೌಲ್ಯಮಾಪಕರ ಶುಲ್ಕ, ವಿಮೆ. ಮನೆಯೊಡೆಯನಿಗೆ ಅನಾಹುತವಾದರೆ ಸಾಲ ಸಂಸಾರದ ಮೇಲೆ ಬೀಳದಿರಲೆಂಬ ವಿಮೆ ಬೇಕಾದುದೇ. ಆದರೆ ಅದರ ಒಟ್ಟು ಕಂತನ್ನು ಸಾಲಕ್ಕೇ ಸೇರಿಸಿದರೆ ಅದಕ್ಕೂ ೨೦ ವರ್ಷ ಬಡ್ಡಿ ಬೀಳುತ್ತದೆ. ೬೦ ಸಾವಿರದ ವಿಮೆ ಶೇಕಡಾ ೮.೫ರಲ್ಲಿ ಕೊನೆಗೆ ಸುಮಾರು ೧ ಲಕ್ಷ ೨೫ ಸಾವಿರವಾಗುತ್ತದೆ. ಕಟ್ಟಡ ಮುಗಿಯುವ ಮೊದಲು ಬಿಡುಗಡೆಯಾದ ಹಣಕ್ಕೆ ಬರಿಯ ಬಡ್ಡಿಯನ್ನಷ್ಟೇ ಕಟ್ಟುವ ಪದ್ಧತಿಯಲ್ಲಂತೂ ಅಸಲು ಒಂದು ರೂಪಾಯಿಯೂ ಇಳಿಯುವುದಿಲ್ಲ. ಅದರ ಜೊತೆಗೆ ಬಾಡಿಗೆಯೂ ಹೋಗುತ್ತಿದ್ದರೆ ಹೊರೆ ಎರಡಾಗುತ್ತದೆ.

೨೦೨೪ರ ಅಕ್ಟೋಬರ್ ೧ರಿಂದ ಹೊಸ ಸಾಲಗಳಿಗೆ ಮುಖ್ಯಾಂಶಗಳ ಪತ್ರವೊಂದನ್ನು ಬ್ಯಾಂಕುಗಳು ಕೊಡಲೇಬೇಕು. ಬಡ್ಡಿಯ ಜೊತೆಗೆ ಇತರ ಶುಲ್ಕಗಳನ್ನೂ ಸೇರಿಸಿದ ವಾರ್ಷಿಕ ದರ ಅದರಲ್ಲಿರುತ್ತದೆ. ಕಂತುಗಳ ವೇಳಾಪಟ್ಟಿಯೂ ಇರುತ್ತದೆ. ಸಾಲದ ಕಡತದಲ್ಲಿ ಎಲ್ಲಕ್ಕಿಂತ ಮೊದಲು ಓದಬೇಕಾದ ಪುಟ ಅದೇ.

ಮುಂಗಡ ಪಾವತಿಯ ಫಲ

ಕಾಲವೇ ಬಡ್ಡಿಯನ್ನು ಬೆಳೆಸುವುದಾದರೆ, ಕಾಲವನ್ನು ಕತ್ತರಿಸುವುದೇ ಅದಕ್ಕೆ ಮದ್ದು. ವ್ಯಕ್ತಿಗಳು ಪಡೆದ ಚರದರದ ಗೃಹಸಾಲವನ್ನು ಮೊದಲೇ ತೀರಿಸಿದರೆ ಬ್ಯಾಂಕು ದಂಡ ಹಾಕಬಾರದೆಂದು ರಿಸರ್ವ್ ಬ್ಯಾಂಕು ೨೦೧೨ರಲ್ಲಿಯೇ ಆದೇಶಿಸಿದೆ. ನಮ್ಮ ಮೊದಲ ಉದಾಹರಣೆಯ ಶಿಕ್ಷಕರು ಒಂದು ವರ್ಷದ ಕೊನೆಗೆ ೧ ಲಕ್ಷ ರೂಪಾಯಿಯನ್ನು ಅಸಲಿಗೆ ಕಟ್ಟಿ, ಕಂತನ್ನು ಹಾಗೆಯೇ ಮುಂದುವರಿಸಿದರೆ, ಕೊನೆಯ ೧೮ ಕಂತುಗಳು ಇಲ್ಲವಾಗುತ್ತವೆ. ಅಂದರೆ ೪ ಲಕ್ಷ ೭೦ ಸಾವಿರದ ಹೊರೆ ತಪ್ಪುತ್ತದೆ. ಅದೇ ೧ ಲಕ್ಷವನ್ನು ೧೫ ವರ್ಷ ಕಳೆದ ಮೇಲೆ ಕಟ್ಟಿದರೆ ತಪ್ಪುವುದು ಆರು ಕಂತಿಗೂ ಕಡಮೆ. ಹಣ ಒಂದೇ, ಕಟ್ಟಿದ ಕಾಲ ಬೇರೆ.

ಲಕ್ಷ ಒಮ್ಮೆಗೇ ಕೂಡದಿದ್ದರೆ ಚಿಂತೆಯಿಲ್ಲ. ಪ್ರತಿ ವರ್ಷದ ಕೊನೆಗೆ ಒಂದು ಕಂತನ್ನು ಹೆಚ್ಚಾಗಿ ಕಟ್ಟುತ್ತ ಬಂದರೂ ೨೦ ವರ್ಷದ ಸಾಲ ೧೬ ವರ್ಷ ೯ ತಿಂಗಳಿಗೆ ತೀರಿ, ೬ ಲಕ್ಷಕ್ಕೂ ಹೆಚ್ಚು ಉಳಿಯುತ್ತದೆ. ಹಾಗೆ ಕಟ್ಟುವಾಗ ಕಂತು ಇಳಿಯದೆ ಅವಧಿ ಇಳಿಯಬೇಕೆಂದು ಬರವಣಿಗೆಯಲ್ಲಿ ಕೇಳುವುದನ್ನು ಮರೆಯಬಾರದು. ಇಲ್ಲಿ ಎರಡು ಎಚ್ಚರಿಕೆಗಳು ಅಗತ್ಯ. ಆಪತ್ಕಾಲಕ್ಕೆಂದು ಆರು ತಿಂಗಳ ಖರ್ಚನ್ನು ಬೇರೆಯಾಗಿ ಇಡದೆ ಇದ್ದುದನ್ನೆಲ್ಲ ಸಾಲಕ್ಕೆ ಸುರಿಯಬಾರದು. ಕೈಸಾಲ, ಕ್ರೆಡಿಟ್ ಕಾರ್ಡಿನಂತಹ ಹೆಚ್ಚು ಬಡ್ಡಿಯ ಸಾಲಗಳಿದ್ದರೆ ಮೊದಲು ಅವುಗಳನ್ನು ತೀರಿಸಬೇಕು.

ನ್ಯಾಯವಾದ ತೂಕ

ಇಷ್ಟೆಲ್ಲ ಹೇಳಿದ್ದು ಸಾಲ ಮಾಡಲೇಬಾರದೆಂಬ ಅಭಿಪ್ರಾಯದಿಂದಲ್ಲ. ಬಾಡಿಗೆ ಮನೆಯಲ್ಲಿದ್ದರೂ ಹಣ ಹೋಗುತ್ತಿತ್ತು; ಆ ಬಾಡಿಗೆಯನ್ನು ಈ ಲೆಕ್ಕದಲ್ಲಿ ಕಳೆಯುವುದು ನ್ಯಾಯ. ೨೦ ವರ್ಷಗಳ ನಂತರದ ೨೬ ಸಾವಿರ ಇಂದಿನ ೨೬ ಸಾವಿರಕ್ಕೆ ಸಮವಲ್ಲ. ಬೆಲೆಗಳೂ ಸಂಬಳಗಳೂ ಏರಿದಂತೆ ಕಂತು ಹಗುರವೆನಿಸುವುದೂ ನಿಜ. ಆದರೆ ತೆರಿಗೆ ಉಳಿಯುತ್ತದೆಂಬ ಒಂದೇ ಕಾರಣಕ್ಕೆ ದೊಡ್ಡ ಸಾಲ ಮಾಡುವುದು ಜಾಣತನವಲ್ಲ. ಹಳೆಯ ತೆರಿಗೆ ಪದ್ಧತಿಯಲ್ಲಿ ಸ್ವಂತ ವಾಸದ ಮನೆಯ ಬಡ್ಡಿಗೆ ವರ್ಷಕ್ಕೆ ೨ ಲಕ್ಷದವರೆಗೆ ಮಾತ್ರ ವಿನಾಯಿತಿ. ಶೇಕಡಾ ೩೦ರ ತೆರಿಗೆ ಕಟ್ಟುವವರಿಗೂ ಅದರಿಂದ ಉಳಿಯುವುದು ೬೦ ಸಾವಿರ; ನಮ್ಮ ಉದಾಹರಣೆಯಲ್ಲಿ ಮೊದಲ ವರ್ಷ ತೆತ್ತ ಬಡ್ಡಿ ಎರಡೂವರೆ ಲಕ್ಷ. ಹೊಸ ಪದ್ಧತಿಯನ್ನು ಅನುಸರಿಸುವವರಿಗೆ ಸ್ವಂತ ವಾಸದ ಮನೆಗೆ ಆ ವಿನಾಯಿತಿಯೂ ಇಲ್ಲ.

ಸಹಿ ಹಾಕುವ ಮುನ್ನ ಮನೆಯವರೆಲ್ಲ ಒಂದು ಸಂಜೆ ಒಟ್ಟಿಗೆ ಕುಳಿತು ಕೆಲವು ಪ್ರಶ್ನೆಗಳಿಗೆ ಉತ್ತರ ಬರೆದುಕೊಳ್ಳಬೇಕು. ಎಲ್ಲ ಕಂತುಗಳ ಒಟ್ಟು ಮೊತ್ತವೆಷ್ಟು? ಕೊನೆಯ ಕಂತು ಕಟ್ಟುವಾಗ ನಮ್ಮ ವಯಸ್ಸೆಷ್ಟು? ದರ ಎರಡು ಅಂಶ ಏರಿದರೆ ಆ ಕಂತನ್ನು ಕಟ್ಟಬಲ್ಲೆವೇ? ಇಬ್ಬರ ದುಡಿಮೆಯಲ್ಲಿ ಒಂದು ನಿಂತರೆ ಗತಿಯೇನು? ಐದು ವರ್ಷದ ಕೊನೆಗೆ ಅಸಲು ಎಷ್ಟು ಉಳಿದಿರುತ್ತದೆ? ಈ ಸಂಭಾಷಣೆಯಲ್ಲಿ ಮನೆಯ ಹೆಣ್ಣುಮಕ್ಕಳು ಇರಲೇಬೇಕು. ಸಹಸಾಲಗಾರ್ತಿಯಾಗಿ ಸಹಿ ಹಾಕುವ ಗೃಹಿಣಿ ಸಾಲಕ್ಕೆ ಪತಿಯಷ್ಟೇ ಹೊಣೆ. ಹೊಣೆ ಹೊರುವವರಿಗೆ ಲೆಕ್ಕ ತಿಳಿಸದಿರುವುದು ಧರ್ಮವಲ್ಲ. ಜಾಮೀನಿಗೆ ಬರುವ ಬಂಧುಗಳಿಗೂ ಇದೇ ಮಾತು ಅನ್ವಯಿಸುತ್ತದೆ.

ಹಿಂದಿನ ಭೋಗ್ಯದಲ್ಲಿ ಆಸ್ತಿ ಸಾಲ ಕೊಟ್ಟವನ ಸ್ವಾಧೀನಕ್ಕೆ ಹೋಗುತ್ತಿತ್ತು. ಒತ್ತೆ ಕಣ್ಣಿಗೆ ಕಾಣುತ್ತಿತ್ತು. ಇಂದಿನ ಗೃಹಸಾಲದಲ್ಲಿ ಮನೆ ನಮ್ಮ ಸ್ವಾಧೀನದಲ್ಲಿಯೇ ಇರುತ್ತದೆ, ಹಕ್ಕುಪತ್ರಗಳು ಬ್ಯಾಂಕಿನ ಕಪಾಟಿನಲ್ಲಿರುತ್ತವೆ. ಕಾಣದ ಒತ್ತೆಯನ್ನು ಮರೆಯುವುದು ಸುಲಭ. ಸಾಲ ಪೂರ್ತಿ ತೀರಿದ ೩೦ ದಿನಗಳೊಳಗೆ ಆ ಮೂಲಪತ್ರಗಳನ್ನು ಹಿಂದಿರುಗಿಸಬೇಕು, ಬ್ಯಾಂಕಿನ ಕಾರಣದಿಂದ ತಡವಾದರೆ ದಿನಕ್ಕೆ ೫,೦೦೦ ರೂಪಾಯಿ ಪರಿಹಾರ ಕೊಡಬೇಕು ಎಂಬ ನಿಯಮ ೨೦೨೩ರ ಡಿಸೆಂಬರ್ ೧ರಿಂದ ಜಾರಿಯಲ್ಲಿದೆ. ಆ ಪತ್ರಗಳು ಮನೆಯ ಪೆಟ್ಟಿಗೆಗೆ ಮರಳಿದ ದಿನವೇ ನಿಜವಾದ ಗೃಹಪ್ರವೇಶ. ಆ ದಿನವನ್ನು ದುಡಿಯುವ ಕೈಗಳು ದಣಿಯುವ ಮೊದಲೇ ತಂದುಕೊಳ್ಳುವುದು ಗೃಹಸ್ಥನ ವಿವೇಕಕ್ಕೆ ಬಿಟ್ಟದ್ದು. ಅದಕ್ಕೆ ಬೇಕಾದುದು ಹೆಚ್ಚಿನ ಐಶ್ವರ್ಯವಲ್ಲ. ಮೊದಲ ಐದಾರು ವರ್ಷಗಳ ಮಿತವ್ಯಯ ಮತ್ತು ವರ್ಷಕ್ಕೊಮ್ಮೆ ಲೆಕ್ಕ ನೋಡುವ ಅಭ್ಯಾಸ.